ಪಾಸ್‌ಬುಕ್, ತಾಮ್ರಪಟ ಮತ್ತು 156(3): ಸೊಸೈಟಿ ದುಡ್ಡು ಹೋದ್ರೆ ಕೇಳೋರು ಯಾರು?

ಇಯರ್‌ಫೋನ್ ಹಾಕ್ಕೊಂಡು ಬಸ್ಸಲ್ಲಿ ನಿಂತಿರೋರಿಗೂ, ರಾತ್ರಿ ಪಾಳಿ ಮುಗಿಸಿ ಬರ್ತಿರೋರಿಗೂ ಸ್ವಾಗತ. ಇವತ್ತಿನ ಕಥೆ ಒಂದು ಪಾಸ್‌ಬುಕ್‌ನಿಂದ ಶುರುವಾಗುತ್ತೆ. ಅದು ನಮ್ಮಮ್ಮನ ಪಾಸ್‌ಬುಕ್.

ನಮ್ಮೂರು ಕೋಲಾರ ತಾಲ್ಲೂಕಿನ ವಕ್ಕಲೇರಿ ಹೋಬಳಿಯಲ್ಲಿದೆ. ಮಾರ್ಕಂಡೇಯ ಬೆಟ್ಟ ಕಾಣೋ ಅಷ್ಟು ಹತ್ತಿರ. ಅಮ್ಮ ಹನ್ನೆರಡು ಜನ ಹೆಂಗಸರ ಒಂದು ಸ್ತ್ರೀಶಕ್ತಿ ಗುಂಪಿನಲ್ಲಿದ್ದಾರೆ. ಒಂದು ಸೊಸೈಟಿ ಮೂಲಕ ಸಾಲ ತಗೊಂಡಿದ್ರು. ಯಾವ ಸೊಸೈಟಿ, ಯಾರು ಸೆಕ್ರೆಟ್ರಿ ಅನ್ನೋದು ಈ ಎಪಿಸೋಡ್‌ನಲ್ಲಿ ಬರಲ್ಲ. ಕೇಸ್ ಇನ್ನೂ ಮುಗಿದಿಲ್ಲ. ತಿಂಗಳಿಗೆ ಒಬ್ಬೊಬ್ಬರದು 1,500 ರೂಪಾಯಿ ಕಂತು. ಹಾಲಿನ ಬಟವಾಡೆ ಬಂದ ದಿನವೇ ಅಮ್ಮ ಅದನ್ನ ಎತ್ತಿಡ್ತಿದ್ರು.

2022ರಲ್ಲಿ ಹೊಸ ಸಾಲ ಕೇಳೋಕೆ ಹೋದಾಗ, "ನಿಮ್ಮದು ಬಾಕಿ ಇದೆಯಲ್ಲಮ್ಮ" ಅಂದ್ರು. ನಾನು ಬಿ.ಕಾಂ. ಓದಿದವನು. ಮನೆಯಲ್ಲಿ ಲೆಕ್ಕದ ಕೆಲಸ ಏನಿದ್ರೂ ನನಗೇ. ಪಾಸ್‌ಬುಕ್ ಹಿಡ್ಕೊಂಡು ಕೂತೆ. ಅಮ್ಮ ಕಟ್ಟಿದ್ದು 14 ಕಂತು. ಸೊಸೈಟಿ ಲೆಡ್ಜರ್‌ನಲ್ಲಿ ಇದ್ದಿದ್ದು 9. ವ್ಯತ್ಯಾಸ 5 ಕಂತು, ಅಂದ್ರೆ 7,500 ರೂಪಾಯಿ. ಗುಂಪಿನ ಹನ್ನೆರಡೂ ಜನರ ಕಥೆ ಇದೇ ಆಗಿದ್ರೆ 90,000. ಬೆಂಗಳೂರಿನವರಿಗೆ ಇದು ಒಂದು ಫೋನಿನ ಬೆಲೆ. ನಮ್ಮ ಕಡೆ ಹನ್ನೆರಡು ಮನೆಯ ಹಾಲಿನ ದುಡ್ಡು.

ಪೊಲೀಸ್ ಠಾಣೆಗೆ ಹೋದ್ವಿ. "ಇದು ಸೊಸೈಟಿ ವಿಷಯ, ಸಹಕಾರ ಇಲಾಖೆಗೆ ಹೋಗಿ" ಅಂದ್ರು. ಇಲಾಖೆಗೆ ಹೋದ್ವಿ. "ಆಡಿಟ್ ಆಗ್ಲಿ, ನೋಡೋಣ" ಅಂದ್ರು. ಬಸ್ ಚಾರ್ಜ್ ಕೊಟ್ಟುಕೊಂಡು ಮೂರು ಸಲ ಓಡಾಡಿದ ಮೇಲೆ ಒಬ್ಬರು ವಕೀಲರು ಹೇಳಿದ್ರು: "ಒಂದು ದಾರಿ ಇದೆ ಕಣಪ್ಪ. ಒನ್ ಫಿಫ್ಟಿ ಸಿಕ್ಸ್ ತ್ರೀ."

ಆ ಮೂರು ಅಂಕಿಯ ಹಿಂದೆ ಇರೋ ಚರಿತ್ರೆಯೇ ಇವತ್ತಿನ ಎಪಿಸೋಡ್.

ಶಾಪದ ಕಾಲ

ಸಾರ್ವಜನಿಕರ ದುಡ್ಡನ್ನ ಕಾಯೋದು ಹೇಗೆ ಅನ್ನೋ ಪ್ರಶ್ನೆ ನಮ್ಮೂರಿಗೆ ಹೊಸದಲ್ಲ. ವಕ್ಕಲೇರಿ ಅಂದ ತಕ್ಷಣ ಇತಿಹಾಸ ಓದಿದವರಿಗೆ ನೆನಪಾಗೋದು ವಕ್ಕಲೇರಿ ತಾಮ್ರಪಟ. ಬಾದಾಮಿ ಚಾಲುಕ್ಯರ ಕೊನೆಯ ದೊರೆ ಎರಡನೇ ಕೀರ್ತಿವರ್ಮ ಕ್ರಿ.ಶ. 757ರಲ್ಲಿ ಹೊರಡಿಸಿದ್ದು. ತಮಾಷೆ ಏನಂದ್ರೆ, ಅದರಲ್ಲಿ ದಾನ ಕೊಟ್ಟ ಹಳ್ಳಿ ಕೋಲಾರದ್ದಲ್ಲ, ಹಾನಗಲ್ ಸೀಮೆಯದು. ತಾಮ್ರದ ಹಲಗೆ ಮಾತ್ರ ನಮ್ಮೂರಲ್ಲಿ ಸಿಕ್ತು.

ಆ ಶಾಸನದಲ್ಲಿ ಕೀರ್ತಿವರ್ಮನ ಅಪ್ಪ ಎರಡನೇ ವಿಕ್ರಮಾದಿತ್ಯ ಕಂಚಿಯನ್ನು ಗೆದ್ದ ಪ್ರಸಂಗ ಬರುತ್ತೆ. ಗೆದ್ದ, ಒಳಗೆ ಹೋದ, ಊರನ್ನು ಹಾಳು ಮಾಡಲಿಲ್ಲ. ರಾಜಸಿಂಹೇಶ್ವರ ದೇವಾಲಯಕ್ಕೆ ಸೇರಿದ ಚಿನ್ನವನ್ನು ದೇವಾಲಯಕ್ಕೇ ವಾಪಸ್ ಕೊಟ್ಟ. ಅದೇ ದೇವಾಲಯವನ್ನ ಇವತ್ತು ನಾವು ಕಂಚಿಯ ಕೈಲಾಸನಾಥ ಅಂತ ನೋಡೋಕೆ ಹೋಗ್ತೀವಿ. ಅಲ್ಲಿ ಕನ್ನಡದಲ್ಲೇ ಆತನ ಶಾಸನ ಇದೆ. ಗೆದ್ದವನ ಕೈಗೆ ಸಿಕ್ಕಿದ ಚಿನ್ನ, ಕೇಳೋರು ಯಾರೂ ಇರಲಿಲ್ಲ, ಆದರೂ ವಾಪಸ್ ಕೊಟ್ಟ. ಅದಕ್ಕೇ ಅದು ಶಾಸನದಲ್ಲಿ ಬರೆಯೋವಷ್ಟು ದೊಡ್ಡ ವಿಷಯ ಆಯ್ತು.

ಎಲ್ಲರೂ ವಿಕ್ರಮಾದಿತ್ಯ ಆಗಲ್ಲ ಅನ್ನೋದು ಶಾಸನ ಬರೆಸಿದವರಿಗೂ ಗೊತ್ತಿತ್ತು. ಅದಕ್ಕೆ ಆ ಕಾಲದ ದಾನಶಾಸನಗಳ ಕೊನೆಯಲ್ಲಿ ಸಾಮಾನ್ಯವಾಗಿ ಒಂದು ಶಾಪ ಇರುತ್ತೆ. ಕೊಟ್ಟದ್ದನ್ನ ಕಿತ್ತುಕೊಂಡವನು ಅರವತ್ತು ಸಾವಿರ ವರ್ಷ ಹೊಲಸಿನಲ್ಲಿ ಹುಳುವಾಗಿ ಹುಟ್ತಾನೆ ಅನ್ನೋ ಅರ್ಥದ್ದು. ಆಡಿಟರ್ ಇಲ್ಲದ ಕಾಲದಲ್ಲಿ ಅದೇ ಆಡಿಟ್.

ರಿಜಿಸ್ಟ್ರಾರ್ ಬಂದ ಕಾಲ

ಈಗ ಒಂದೇ ಜಿಗಿತಕ್ಕೆ 1904ಕ್ಕೆ ಬರೋಣ. ಹತ್ತೊಂಬತ್ತನೇ ಶತಮಾನದ ಕೊನೆಯ ಬರಗಾಲಗಳಲ್ಲಿ ರೈತರು ಲೇವಾದೇವಿದಾರರ ಕೈಗೆ ಸಿಕ್ಕಿ ಜಮೀನು ಕಳ್ಕೊಳ್ತಿದ್ರು. ಮದ್ರಾಸ್ ಪ್ರಾಂತ್ಯದ ಅಧಿಕಾರಿ ಫ್ರೆಡರಿಕ್ ನಿಕಲ್ಸನ್ ಜರ್ಮನಿಯ ಹಳ್ಳಿ ಸಾಲ ಸಂಘಗಳನ್ನ ನೋಡಿ ವರದಿ ಬರೆದರು. ಜರ್ಮನಿಯಲ್ಲಿ ಅದನ್ನ ಕಟ್ಟಿದವರು ರೈಫೈಸನ್. ಒಬ್ಬರಿಗೊಬ್ಬರು ಗೊತ್ತಿರೋ ಜನ, ಒಂದೇ ಊರು, ಒಬ್ಬರ ಸಾಲಕ್ಕೆ ಎಲ್ಲರೂ ಜವಾಬ್ದಾರಿ, ಇದು ಅವರ ಸೂತ್ರ. 1904ರಲ್ಲಿ ಬ್ರಿಟಿಷ್ ಇಂಡಿಯಾಕ್ಕೆ ಸಹಕಾರಿ ಸಾಲ ಸಂಘಗಳ ಕಾಯ್ದೆ ಬಂತು. 1905ರಲ್ಲಿ ಗದಗ ಹತ್ತಿರದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಸಂಘ ಕಟ್ಟಿದರು. ಕೋಲಾರ ಆಗ ಮೈಸೂರು ಸಂಸ್ಥಾನದಲ್ಲಿತ್ತು. ಅಲ್ಲೂ 1905ರಲ್ಲೇ ಪ್ರತ್ಯೇಕ ಕಾನೂನು ಬಂತು, ಬೆಂಗಳೂರು ನಗರದಲ್ಲಿ ಮೊದಲ ಸಂಘ ಹುಟ್ಟಿತು.

ಈ ಕಾನೂನುಗಳ ನಡುವಲ್ಲಿ ಕೂತಿದ್ದ ವ್ಯಕ್ತಿ ರಿಜಿಸ್ಟ್ರಾರ್. ಸಂಘ ನೋಂದಣಿ ಮಾಡೋನು ಅವನೇ, ಲೆಕ್ಕ ತಪಾಸಣೆ ಮಾಡಿಸೋನು ಅವನೇ, ಸರಿ ಇಲ್ಲ ಅಂದ್ರೆ ಮುಚ್ಚಿಸೋನು ಅವನೇ. ಹಳ್ಳಿಯ ಜನ ಕೋರ್ಟು ಕಚೇರಿ ಅಲೆಯೋದು ಬೇಡ, ಸಂಘದ ಜಗಳ ಸಂಘದ ಮನೆಯಲ್ಲೇ ಮುಗೀಲಿ ಅನ್ನೋ ಯೋಚನೆ. ಒಳ್ಳೇ ಯೋಚನೆಯೇ.

ಇವತ್ತು ನಮಗೆ ಅನ್ವಯಿಸೋ ಕರ್ನಾಟಕ ಸಹಕಾರ ಸಂಘಗಳ ಕಾಯ್ದೆ, 1959 ಕೂಡ ಅದೇ ಮನೆಯ ಮಗು. ಕಲಂ 63ರಲ್ಲಿ ಲೆಕ್ಕಪರಿಶೋಧನೆ. 64ರಲ್ಲಿ ವಿಚಾರಣೆ, ಇಂಗ್ಲಿಷಿನಲ್ಲಿ ಎನ್‌ಕ್ವೈರಿ ಅಂತೀವಲ್ಲ ಅದು. 65ರಲ್ಲಿ ತಪಾಸಣೆ. 69ರಲ್ಲಿ ಅಧಿಭಾರ, ಅಂದ್ರೆ ದುಡ್ಡು ತಿಂದವರಿಂದ ಬಡ್ಡಿ ಸಮೇತ ವಸೂಲಿಗೆ ಆದೇಶ. 70ರಲ್ಲಿ ವಿವಾದ ತೀರ್ಮಾನ. ಕಾಯ್ದೆಯ ಅಡಿ ಅಪರಾಧ ಅಂತ ಪ್ರಾಸಿಕ್ಯೂಷನ್ ಮಾಡ್ಬೇಕಂದ್ರೆ ರಿಜಿಸ್ಟ್ರಾರ್ ಅನುಮತಿ ಬೇಕು, ಅದು 111.

ಇಲ್ಲಿ ಸ್ವಲ್ಪ ನಿಲ್ಲಿ. ಕಾಮರ್ಸ್ ಓದಿದವರಿಗೆ ಇದು ಬೇಗ ಅರ್ಥ ಆಗುತ್ತೆ. ದುಡ್ಡು ಕಾಣೆ ಆದಾಗ ಎರಡು ಬೇರೆ ಬೇರೆ ಪ್ರಶ್ನೆ ಹುಟ್ಟುತ್ತೆ. ಒಂದು: ಎಷ್ಟು ಹೋಯ್ತು, ಯಾರಿಂದ ವಸೂಲಿ? ಎರಡು: ಇದು ಅಪರಾಧನಾ, ಯಾರಿಗೆ ಶಿಕ್ಷೆ? ಮೊದಲನೇದಕ್ಕೆ ರಿಜಿಸ್ಟ್ರಾರ್ ಇದ್ದಾರೆ. ಎರಡನೇದಕ್ಕೆ ಪೊಲೀಸ್ ಮತ್ತು ಕೋರ್ಟ್ ಇರೋದು. ಆದರೆ ಠಾಣೆಯ ಮೆಟ್ಟಿಲಲ್ಲಿ ಈ ಎರಡೂ ಕಲಸುಮೇಲೋಗರ ಆಗುತ್ತೆ. "ಸೊಸೈಟಿ ವಿಷಯ" ಅನ್ನೋ ಒಂದು ಮಾತಿನಲ್ಲಿ ಎರಡನೇ ಪ್ರಶ್ನೆ ಸತ್ತೇ ಹೋಗುತ್ತೆ.

ನಂಬಿ ಕೈಗೆ ಕೊಟ್ಟ ಹಣವನ್ನ ಬಳಸಿಕೊಂಡರೆ ಅದಕ್ಕೆ ಅಪರಾಧಿಕ ನಂಬಿಕೆ ದ್ರೋಹ ಅಂತಾರೆ. ಹಳೇ ಐಪಿಸಿಯಲ್ಲಿ 405ರಿಂದ 409. ಗುಮಾಸ್ತ ಅಥವಾ ನೌಕರ ಮಾಡಿದ್ರೆ 408, ಏಳು ವರ್ಷದವರೆಗೆ ಜೈಲು. ಸುಳ್ಳು ಲೆಕ್ಕ ಬರೆದ್ರೆ 477ಎ, ಅದಕ್ಕೂ ಏಳು ವರ್ಷದವರೆಗೆ. ಈಗಿನ ಭಾರತೀಯ ನ್ಯಾಯ ಸಂಹಿತೆಯಲ್ಲಿ ಇವು 316 ಮತ್ತು 344. ಕಂತು ತಗೊಂಡು ಲೆಡ್ಜರ್‌ಗೆ ಏರಿಸದೇ ಇರೋದು ಬರೀ ಮರೆವು ಇರಬಹುದು. ಇಲ್ಲದೇ ಇರಬಹುದು. ಅದನ್ನ ಕಂಡುಹಿಡಿಯೋಕೇ ತನಿಖೆ ಅನ್ನೋದು ಇರೋದು.

ಮ್ಯಾಜಿಸ್ಟ್ರೇಟ್ ಅಂದ್ರೆ ಯಾರು?

ಇನ್ನೊಂದು ಎಳೆ ಮ್ಯಾಜಿಸ್ಟ್ರೇಟರದು. 1898ರ ದಂಡ ಪ್ರಕ್ರಿಯಾ ಸಂಹಿತೆಯಲ್ಲೇ 156(3) ಇತ್ತು. ಬರೀ ಒಂದು ಸಾಲು. ಕಲಂ 190ರ ಅಧಿಕಾರ ಇರೋ ಮ್ಯಾಜಿಸ್ಟ್ರೇಟ್ ಇಂಥ ತನಿಖೆಗೆ ಆದೇಶ ಮಾಡಬಹುದು, ಅಷ್ಟೇ.

ಆದರೆ ಆ ಕಾಲದ ಮ್ಯಾಜಿಸ್ಟ್ರೇಟ್ ಯಾರು? ಹಳೇ ಮೈಸೂರಿನಲ್ಲಿ ಅಮಲ್ದಾರರ ಕೈಯಲ್ಲೇ ಕಂದಾಯವೂ ಇತ್ತು, ಮ್ಯಾಜಿಸ್ಟ್ರೇಟ್ ಅಧಿಕಾರವೂ ಇತ್ತು. ವಸೂಲಿ ಮಾಡೋನೇ ತೀರ್ಪು ಕೊಡೋನು. ಸಂವಿಧಾನದ 50ನೇ ವಿಧಿ ಇದನ್ನ ಬೇರೆ ಮಾಡಿ ಅಂತ ಸರ್ಕಾರಕ್ಕೆ ಹೇಳ್ತು. 1973ರ ಸಂಹಿತೆ ಗೆರೆ ಎಳೆದು ಬೇರೆ ಮಾಡ್ತು: ಒಂದು ಕಡೆ ಎಕ್ಸಿಕ್ಯುಟಿವ್ ಮ್ಯಾಜಿಸ್ಟ್ರೇಟ್, ಇನ್ನೊಂದು ಕಡೆ ಜುಡಿಷಿಯಲ್ ಮ್ಯಾಜಿಸ್ಟ್ರೇಟ್. ಇವತ್ತು ನಮ್ಮ ತಹಶೀಲ್ದಾರರು ತಾಲ್ಲೂಕು ದಂಡಾಧಿಕಾರಿ ಅಂತ ಬೋರ್ಡ್ ಹಾಕಿರ್ತಾರೆ. ಅವರಿಗೆ ಈ 156(3) ಅಧಿಕಾರ ಇಲ್ಲ. ಅದು ಇರೋದು ಕೋರ್ಟ್‌ನಲ್ಲಿ ಕೂರೋ ಜೆಎಂಎಫ್‌ಸಿ ನ್ಯಾಯಾಧೀಶರಿಗೆ. ನಮ್ಮೂರಲ್ಲಿ ಎಷ್ಟೋ ಜನ ಅರ್ಜಿ ಹಿಡ್ಕೊಂಡು ತಾಲ್ಲೂಕು ಕಚೇರಿಗೇ ಹೋಗ್ತಾರೆ. ನಾವೂ ಒಂದ್ಸಲ ಹೋಗಿದ್ವಿ.

ಪೊಲೀಸರ ತನಿಖೆಯಲ್ಲಿ ಕೋರ್ಟ್ ಎಷ್ಟು ಕೈ ಹಾಕಬಹುದು ಅನ್ನೋದು ಹಳೇ ಜಗಳ. 1944ರಲ್ಲಿ ಖ್ವಾಜಾ ನಜೀರ್ ಅಹ್ಮದ್ ಪ್ರಕರಣದಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್, ತನಿಖೆ ಪೊಲೀಸರ ಕೆಲಸ, ಅಡ್ಡ ಬರಬೇಡಿ ಅನ್ನೋ ಅರ್ಥದಲ್ಲಿ ಹೇಳಿತ್ತು. ಆದರೆ ಪೊಲೀಸರು ತನಿಖೆಯನ್ನ ಶುರುನೇ ಮಾಡದೇ ಇದ್ರೆ?

ಆ ಪ್ರಶ್ನೆಗೆ ದೊಡ್ಡ ಉತ್ತರ ಬಂದಿದ್ದು 2007ರ ಡಿಸೆಂಬರ್‌ನಲ್ಲಿ, ಸಕಿರಿ ವಾಸು ಪ್ರಕರಣದಲ್ಲಿ. 2003ರಲ್ಲಿ ಮಥುರಾ ರೈಲು ನಿಲ್ದಾಣದಲ್ಲಿ ಒಬ್ಬ ಸೇನಾ ಮೇಜರ್ ಶವವಾಗಿ ಸಿಕ್ಕರು. ಅಪ್ಪ ಸಿಬಿಐ ತನಿಖೆ ಕೇಳಿದ್ರು. ಸುಪ್ರೀಂ ಕೋರ್ಟ್ ಸಿಬಿಐ ಕೊಡಲಿಲ್ಲ. ಆದರೆ ಒಂದು ಮಾತು ಹೇಳ್ತು: ಎಫ್‌ಐಆರ್ ಆಗ್ಲಿಲ್ಲ ಅಂದ್ರೆ, ತನಿಖೆ ಸರಿ ಇಲ್ಲ ಅಂದ್ರೆ, ನೇರವಾಗಿ ಹೈಕೋರ್ಟ್‌ಗೆ ಓಡಬೇಡಿ. ಮ್ಯಾಜಿಸ್ಟ್ರೇಟರ ಹತ್ತಿರ ಹೋಗಿ. ಆ ಒಂದು ಸಾಲಿನ 156(3) ಒಳಗೆ ಎಫ್‌ಐಆರ್ ಹಾಕಿಸೋ ಅಧಿಕಾರವೂ ಇದೆ, ತನಿಖೆ ಸರಿಯಾಗಿ ನಡೀತಿದೆಯಾ ಅಂತ ನೋಡೋ ಅಧಿಕಾರವೂ ಇದೆ. ಸಿಬಿಐಗೆ ಕೊಡೋ ಅಧಿಕಾರ ಮಾತ್ರ ಮ್ಯಾಜಿಸ್ಟ್ರೇಟರಿಗೆ ಇಲ್ಲ ಅಂತ 2001ರಲ್ಲೇ ತೀರ್ಮಾನ ಆಗಿತ್ತು. ಆಮೇಲೆ 2013ರಲ್ಲಿ ಲಲಿತಾ ಕುಮಾರಿ ತೀರ್ಪು ಬಂತು. ದೂರಿನಲ್ಲಿ ಸಂಜ್ಞೇಯ ಅಪರಾಧ ಕಂಡರೆ ಎಫ್‌ಐಆರ್ ಕಡ್ಡಾಯ. ಹಣಕಾಸಿನ ವಿಷಯದಂಥ ಕೆಲವು ಪ್ರಕರಣಗಳಲ್ಲಿ ಮೊದಲು ಪ್ರಾಥಮಿಕ ವಿಚಾರಣೆ ಮಾಡಬಹುದು ಅಂತ ಒಂದು ಕಿಟಕಿ ಬಿಟ್ಟಿತ್ತು.

ಬಾಗಿಲು ತೆಗೆದ ಮೇಲೆ

ಬಾಗಿಲು ತೆಗೆದ್ರೆ ಒಳ್ಳೆಯವರಷ್ಟೇ ಬರಲ್ಲ. ಸಾಲ ಕಟ್ಟದ ಕೆಲವರು, ವಸೂಲಿಗೆ ಬಂದ ಬ್ಯಾಂಕ್ ಅಧಿಕಾರಿಗಳ ಮೇಲೇ 156(3) ಹಾಕೋಕೆ ಶುರು ಮಾಡಿದ್ರು. ಉತ್ತರ ಪ್ರದೇಶದ ಪ್ರಿಯಾಂಕಾ ಶ್ರೀವಾಸ್ತವ ಪ್ರಕರಣದ ಕಥೆ ಅದೇ. ಅಲ್ಲಿ ಅಧಿಕಾರಿಗಳ ಮೇಲೆ ಒಂದಾದ ಮೇಲೊಂದು ದೂರು. 2015ರಲ್ಲಿ ಸುಪ್ರೀಂ ಕೋರ್ಟ್ ಕಡಿವಾಣ ಹಾಕ್ತು. ಮೊದಲು ಠಾಣೆಗೆ ಹೋಗಿರಬೇಕು, ಆಮೇಲೆ ಎಸ್‌ಪಿಗೆ ಲಿಖಿತವಾಗಿ ಕಳಿಸಿರಬೇಕು, ಕೊನೆಗೆ ಅಫಿಡವಿಟ್ ಸಮೇತ ಮ್ಯಾಜಿಸ್ಟ್ರೇಟರ ಮುಂದೆ ಬರಬೇಕು. ಸುಳ್ಳು ಹೇಳಿದ್ರೆ ಹೇಳಿದವರೇ ಸಿಕ್ಕಿಬೀಳ್ತಾರೆ.

ಕರ್ನಾಟಕದಿಂದ ಹೋದ ಅನಿಲ್ ಕುಮಾರ್ ವಿರುದ್ಧ ಅಯ್ಯಪ್ಪ ಪ್ರಕರಣದಲ್ಲಿ, 2013ರಲ್ಲಿ, ಸರ್ಕಾರಿ ನೌಕರರ ಮೇಲೆ ಭ್ರಷ್ಟಾಚಾರದ ದೂರು ಆದ್ರೆ ಪೂರ್ವಾನುಮತಿ ಇಲ್ಲದೇ 156(3) ಆದೇಶ ಬೇಡ ಅಂತ ಸುಪ್ರೀಂ ಕೋರ್ಟ್ ಹೇಳಿತು. ಸೊಸೈಟಿಗಳಿಗೆ ಇದ್ಯಾಕೆ ಮುಖ್ಯ? ಸರ್ಕಾರದ ನೆರವು ಪಡೆಯೋ ಕೃಷಿ, ಬ್ಯಾಂಕಿಂಗ್ ಸಹಕಾರ ಸಂಘಗಳ ಅಧ್ಯಕ್ಷ, ಕಾರ್ಯದರ್ಶಿಗಳನ್ನ ಭ್ರಷ್ಟಾಚಾರ ತಡೆ ಕಾಯ್ದೆ ಸಾರ್ವಜನಿಕ ಸೇವಕರು ಅಂತ ಎಣಿಸುತ್ತೆ. ಹಾಗಾಗಿ ದೂರಿನಲ್ಲಿ ಯಾವ ಕಾಯ್ದೆ ಎತ್ತುತ್ತೀರಿ ಅನ್ನೋದರ ಮೇಲೆ ದಾರಿ ಬದಲಾಗುತ್ತೆ. ವಕೀಲರು ಬೇಕಾಗೋದು ಇಲ್ಲೇ.

ಎರಡು ಎಳೆ ಸೇರಿದ ಜಾಗ

ಇಷ್ಟೊತ್ತು ಎರಡು ಎಳೆ ಬೇರೆ ಬೇರೆ ಓಡ್ತಿತ್ತು. ರಿಜಿಸ್ಟ್ರಾರ್ ಒಂದು ಕಡೆ, ಮ್ಯಾಜಿಸ್ಟ್ರೇಟ್ ಒಂದು ಕಡೆ. ಅವು ಮುಖಾಮುಖಿ ಆಗಿದ್ದು ಪುಣೆ ಜಿಲ್ಲೆಯ ಪಿಂಪ್ರಿಯಲ್ಲಿ. ಸೇವಾ ವಿಕಾಸ ಸಹಕಾರಿ ಬ್ಯಾಂಕ್‌ನ ಒಬ್ಬ ಷೇರುದಾರರು ಅವ್ಯವಹಾರ ಆಗಿದೆ ಅಂತ ಮ್ಯಾಜಿಸ್ಟ್ರೇಟರ ಹತ್ತಿರ ಹೋದ್ರು. 156(3) ಅಡಿ ಆದೇಶ ಬಂತು, ಎಫ್‌ಐಆರ್ ಆಯ್ತು. ಆರೋಪಿಗಳು ಬಾಂಬೆ ಹೈಕೋರ್ಟ್‌ಗೆ ಹೋದ್ರು. ಮಹಾರಾಷ್ಟ್ರದ ಸಹಕಾರ ಕಾಯ್ದೆಯ 81(5ಬಿ) ಪ್ರಕಾರ ಆಡಿಟ್‌ನಲ್ಲಿ ತಪ್ಪು ಸಿಕ್ಕರೆ ಎಫ್‌ಐಆರ್ ಹಾಕಬೇಕಾದವರು ಆಡಿಟರ್ ಅಥವಾ ರಿಜಿಸ್ಟ್ರಾರ್, ಷೇರುದಾರರಿಗೆ ಅಧಿಕಾರ ಇಲ್ಲ ಅನ್ನೋದು ಅವರ ವಾದ. ಹೈಕೋರ್ಟ್ ಒಪ್ಪಿತು.

2023ರ ಜುಲೈ 25ರಂದು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಧನರಾಜ್ ಅಸವಾನಿ ಪ್ರಕರಣ ಅಂತ ಅದರ ಹೆಸರು. ಆಡಿಟರ್‌ಗೆ ದೂರು ಕೊಡೋ ಹೊಣೆ ಹೊರಿಸಿದ ಮಾತ್ರಕ್ಕೆ ಬೇರೆಯವರ ಬಾಯಿ ಮುಚ್ಚಿದ ಹಾಗಾಗಲ್ಲ. ಕ್ರಿಮಿನಲ್ ಕಾನೂನಿನ ಚಕ್ರ ತಿರುಗಿಸೋಕೆ ಯಾರು ಬೇಕಾದ್ರೂ ಮುಂದೆ ಬರಬಹುದು, ಕಾಯ್ದೆ ಸ್ಪಷ್ಟವಾಗಿ ಬೇಡ ಅಂದಿದ್ರೆ ಮಾತ್ರ ಇಲ್ಲ ಅನ್ನೋದು ತೀರ್ಪಿನ ತಿರುಳು. ಅದು ಮಹಾರಾಷ್ಟ್ರದ ಕಾಯ್ದೆ ಮೇಲಿನ ತೀರ್ಪು. ನಮ್ಮ ಕಾಯ್ದೆಯ ಪದಗಳು ಬೇರೆ. ಆದರೆ "ಸೊಸೈಟಿ ವಿಷಯ, ಇಲಾಖೆಗೆ ಹೋಗಿ" ಅನ್ನೋ ಮಾತಿಗೆ ಎದುರು ಇಡೋಕೆ ಸದಸ್ಯರ ಕೈಗೆ ಒಂದು ಗಟ್ಟಿ ಕಾಗದ ಸಿಕ್ತು.

ನಗರದವರು ಇದು ಹಳ್ಳಿ ಕಥೆ ಅಂದ್ಕೋಬೇಡಿ. 2020ರ ಜನವರಿಯಲ್ಲಿ ಬೆಂಗಳೂರಿನ ಬಸವನಗುಡಿಯ ಶ್ರೀ ಗುರು ರಾಘವೇಂದ್ರ ಸಹಕಾರ ಬ್ಯಾಂಕ್ ಮೇಲೆ ರಿಸರ್ವ್ ಬ್ಯಾಂಕ್ ನಿರ್ಬಂಧ ಹಾಕಿದಾಗ, ಠೇವಣಿದಾರರು ತೆಗೆಯಬಹುದಾಗಿದ್ದು 35,000 ರೂಪಾಯಿ ಮಾತ್ರ. ಪಿಂಚಣಿ ದುಡ್ಡು ಇಟ್ಟಿದ್ದ ಹಿರಿಯರು ರಸ್ತೆಯಲ್ಲಿ ನಿಂತಿದ್ದನ್ನ ನೀವೂ ನೋಡಿರ್ತೀರ.

ಈಗಿನ ದಾರಿ

2024ರ ಜುಲೈ 1ರಿಂದ ಸಿಆರ್‌ಪಿಸಿ ಜಾಗಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ. 156(3) ಈಗ 175(3). ಪ್ರಿಯಾಂಕಾ ಶ್ರೀವಾಸ್ತವ ತೀರ್ಪಿನ ಅಫಿಡವಿಟ್ ಈಗ ಕಾಯ್ದೆಯ ಅಕ್ಷರದಲ್ಲೇ ಇದೆ. ಠಾಣೆ ತಗೊಳ್ಳಲಿಲ್ಲ ಅಂದ್ರೆ 173(4)ರಡಿ ಎಸ್‌ಪಿಗೆ ಲಿಖಿತ ದೂರು, ಆಮೇಲೆ ಅಫಿಡವಿಟ್ ಜೊತೆ ಮ್ಯಾಜಿಸ್ಟ್ರೇಟರಿಗೆ ಅರ್ಜಿ. ಮ್ಯಾಜಿಸ್ಟ್ರೇಟರು ಅಗತ್ಯ ಅನಿಸಿದ ವಿಚಾರಣೆ ಮಾಡಿ, ಪೊಲೀಸ್ ಅಧಿಕಾರಿ ಏನು ಹೇಳ್ತಾರೆ ಅಂತಾನೂ ನೋಡಿ, ಆಮೇಲೆ ಆದೇಶ ಮಾಡ್ತಾರೆ. 2025ರ ಜನವರಿಯಲ್ಲಿ ಓಂ ಪ್ರಕಾಶ್ ಅಂಬಾಡ್ಕರ್ ಪ್ರಕರಣದಲ್ಲಿ, ಮ್ಯಾಜಿಸ್ಟ್ರೇಟ್ ಅಂಚೆಯವನ ಹಾಗೆ ಅರ್ಜಿಯನ್ನ ಠಾಣೆಗೆ ದಾಟಿಸೋದಲ್ಲ, ಮನಸ್ಸಿಟ್ಟು ಯೋಚಿಸಬೇಕು ಅನ್ನೋ ಧಾಟಿಯಲ್ಲಿ ಸುಪ್ರೀಂ ಕೋರ್ಟ್ ಮತ್ತೆ ನೆನಪಿಸಿದೆ.

ಇದರ ಅರ್ಥ ಏನು? ಕಾಗದ ಇಲ್ಲದೇ ಹೋದ್ರೆ ಕೆಲಸ ಆಗಲ್ಲ. ಪಾಸ್‌ಬುಕ್ ನಕಲು, ರಸೀದಿ, ಠಾಣೆಗೆ ಕೊಟ್ಟ ದೂರಿನ ಸ್ವೀಕೃತಿ, ಎಸ್‌ಪಿಗೆ ಕಳಿಸಿದ ಪೋಸ್ಟ್ ಚೀಟಿ, ಆಡಿಟ್ ವರದಿ ಸಿಕ್ಕಿದ್ರೆ ಅದರ ಪ್ರತಿ. ಜೊತೆಗೆ ಇಲಾಖೆಯ 64ರ ವಿಚಾರಣೆಯನ್ನೂ ಬಿಡಬೇಡಿ. ಶಿಕ್ಷೆಯ ದಾರಿ ಬೇರೆ, ದುಡ್ಡಿನ ದಾರಿ ಬೇರೆ. ಎರಡರಲ್ಲೂ ನಡೀಬೇಕು.

ಟೈಪಿಸ್ಟ್ ಮುಂದೆ ಅಮ್ಮ

ಈಗ ಪಾಸ್‌ಬುಕ್ ಕಥೆಗೆ ವಾಪಸ್. ಹನ್ನೆರಡು ಜನರಲ್ಲಿ ಸಹಿ ಹಾಕಿದವರು ಮೂರೇ ಜನ. ಉಳಿದವರು, "ದಿನಾ ಮುಖ ನೋಡ್ಬೇಕಲ್ಲವ್ವ" ಅಂದ್ರು. ತಪ್ಪು ಅನ್ನೋಕಾಗಲ್ಲ. ಆ ಸೆಕ್ರೆಟ್ರಿಯನ್ನ ನಾನು ಚಿಕ್ಕಂದಿನಿಂದ ಮಾಮ ಅಂತಲೇ ಕರೆದವನು. ಒಂದೇ ಊರು, ಒಬ್ಬರಿಗೊಬ್ಬರು ಗೊತ್ತು. ರೈಫೈಸನ್ ಸೂತ್ರ ಸಂಘವನ್ನ ಕಟ್ಟೋದೂ ಇದೇ ಬಲದಿಂದ. ದುಡ್ಡು ಹೋದಾಗ ಬಾಯಿ ಕಟ್ಟೋದೂ ಇದೇ.

ಕೋಲಾರದ ಕೋರ್ಟ್ ಹತ್ತಿರ ಟೈಪಿಸ್ಟ್ ಅಫಿಡವಿಟ್ ಓದಿ ಹೇಳ್ತಿದ್ರು. "ಐದು ಕಂತು ಕಟ್ಟಿದ್ದರೂ ಜಮಾ ಮಾಡಿರುವುದಿಲ್ಲ" ಅನ್ನೋ ಸಾಲು ಬಂತು. ಅಮ್ಮ ತಡೆದ್ರು.

"ಇದ್ರಾಗೆ ಸುಳ್ಳಿದ್ರೆ ನನ್ಗೇ ಶಿಕ್ಷೆನಾ ಸ್ವಾಮಿ?"

"ಹೌದಮ್ಮ."

"ಹಂಗಾದ್ರೆ ನಾಕು ಅಂತ ಬರೀರಿ. ಒಂದು ಕಂತು ನಮ್ಮ ವಾರಗಿತ್ತಿ ಕೈಲಿ ಕಳ್ಸಿದ್ದೆ. ಅವ್ಳು ಕೊಟ್ಲೋ ಇಲ್ವೋ ನಾನು ಕಣ್ಣಾರೆ ನೋಡಿಲ್ಲ."

ನನಗೆ ಸಿಟ್ಟು ಬಂತು. 1,500 ರೂಪಾಯಿ ಸುಮ್ನೆ ಬಿಟ್ಟುಕೊಡ್ತಿದ್ದಾರಲ್ಲ ಅಂತ. ಟೈಪಿಸ್ಟ್ ಮಾತ್ರ ಏನೂ ಹೇಳದೆ ಹಾಳೆ ತೆಗೆದು ಹೊಸದು ಹಾಕಿದ್ರು. ಪಾಸ್‌ಬುಕ್ ನೋಡಿ ಬಾಕಿ ಎಷ್ಟು ಅಂತ ಲೆಕ್ಕ ಹಾಕಿದ್ದು ನಾನು. ಎಷ್ಟಕ್ಕೆ ಪ್ರಮಾಣ ಮಾಡಬಹುದು ಅನ್ನೋದು ಗೊತ್ತಿದ್ದಿದ್ದು ಅಮ್ಮನಿಗೆ.

ಪಿಸಿಆರ್ ನಂಬರ್ ಆಯ್ತು. ಕೆಲವು ವಾಯಿದೆ ಆದ ಮೇಲೆ ಮ್ಯಾಜಿಸ್ಟ್ರೇಟರು ತನಿಖೆಗೆ ಆದೇಶ ಮಾಡಿದ್ರು. ಅದೇ ಠಾಣೆಯಲ್ಲಿ ಎಫ್‌ಐಆರ್ ದಾಖಲಾಯ್ತು. ಆ ವಾರ ಸಹಿ ಹಾಕದೇ ಇದ್ದ ಒಂಬತ್ತು ಜನರಲ್ಲಿ ನಾಲ್ಕು ಜನ ಕತ್ತಲಾದ ಮೇಲೆ ಮನೆಗೆ ಬಂದು ತಮ್ಮ ಪಾಸ್‌ಬುಕ್ ತೋರಿಸಿದ್ರು. "ನಮ್ದೂ ನೋಡಪ್ಪ" ಅಂತ.

ತನಿಖೆ ಇನ್ನೂ ನಡೀತಿದೆ. ದುಡ್ಡು ಬಂದಿಲ್ಲ. ಆರೋಪ ಸಾಬೀತಾಗಿಲ್ಲ, ಅದನ್ನ ಕೋರ್ಟ್ ಹೇಳಬೇಕು, ನಾನಲ್ಲ. ಗುಂಪು ಈಗಲೂ ನಡೀತಿದೆ. ಒಂದೇ ಒಂದು ಬದಲಾವಣೆ ಅಂದ್ರೆ, ಕಂತು ಕಟ್ಟಿದ ತಕ್ಷಣ ಅಮ್ಮ ಕೌಂಟರ್ ಬಿಡಲ್ಲ. ಸೀಲು ಒತ್ತಿಸಿ, ಆ ಪುಟದ ಫೋಟೋ ತೆಗೆದು ನನಗೆ ವಾಟ್ಸಾಪ್ ಮಾಡಿ ಆಮೇಲೆ ಹೊರಡ್ತಾರೆ. ಹೋದ ತಿಂಗಳ ಫೋಟೋದಲ್ಲಿ ಹಿಂದೆ ಇನ್ನೂ ಐದಾರು ಹೆಂಗಸರ ಕೈ ಕಾಣ್ತಿತ್ತು. ಎಲ್ಲರ ಕೈಯಲ್ಲೂ ತೆರೆದ ಪಾಸ್‌ಬುಕ್.

ನಿಮ್ಮ ಮನೆಯಲ್ಲೂ ಬೀರುವಿನೊಳಗೆ ಒಂದು ಸೊಸೈಟಿ ಪಾಸ್‌ಬುಕ್ ಇರುತ್ತೆ. ಇವತ್ತು ರಾತ್ರಿ ಊಟ ಆದ ಮೇಲೆ ಅದನ್ನ ಒಂದ್ಸಲ ತೆಗೆದು, ಅಮ್ಮನ ಪಕ್ಕ ಕೂತು ಓದಿ. ಮುಂದಿನ ವಾರ ಸಿಗೋಣ.